ಆಮೆ ರಸ್ತೆ ದಾಟುತ್ತಿದ್ದರೆ: ಎತ್ತ ಹೊರಟಿದೆಯೋ ಅತ್ತಲೇ ಬಿಡಿ

ಮಿರಗಿನ ಮಳೆ ಬಿದ್ದು ಎರಡು ಮೂರು ದಿನ ಆಗಿತ್ತು. ಯಾದಗಿರಿಯಿಂದ ಹತ್ತಿಕುಣಿ ಕಡೆ ಬೈಕಿನಲ್ಲಿ ಹೊರಟಿದ್ದೆ. ಸಂಜೆ ಆರೂವರೆ ಇರಬೇಕು. ರಸ್ತೆ ನಡುವೆ ಒದ್ದೆ ಕಲ್ಲಿನ ಹಾಗೆ ಏನೋ ಕಂಡಿತು. ಹತ್ತಿರ ಹೋದರೆ ಆಮೆ. ಅಂಗೈಗಿಂತ ಸ್ವಲ್ಪ ದೊಡ್ಡದು. ತಲೆ, ಕಾಲು ಎಲ್ಲ ಒಳಗೆ ಎಳೆದುಕೊಂಡು ಕೂತಿತ್ತು. ಚಿಪ್ಪಿನ ಅಂಚಿನಲ್ಲಿ ಹಳೇ ಗಾಯದ ಒಂದು ಕಚ್ಚು ಇತ್ತು. ಬೈಕ್ ನಿಲ್ಲಿಸಿ, ಎತ್ತಿಕೊಂಡು, ಕೆರೆ ಇರುವ ಬದಿಗೆ ಒಯ್ದು ಬಿಟ್ಟೆ. ಆಮೆ ಅಂದರೆ ನೀರಲ್ಲಿ ಇರಬೇಕು ಅಲ್ವಾ ಅಂತ ನನ್ನ ಲೆಕ್ಕ. ಆದರೆ ಅದು ಹೊರಟು ಬಂದದ್ದೇ ಆ ಬದಿಯಿಂದ.

ಮರುದಿನ ಬೆಳಿಗ್ಗೆ ಅದೇ ದಾರಿಯಲ್ಲಿ ವಾಪಸ್ ಬಂದೆ. ಅದೇ ಜಾಗದಿಂದ ಹತ್ತು ಹೆಜ್ಜೆ ಆಚೆ ಚಿಪ್ಪು ಒಡೆದು ಬಿದ್ದಿತ್ತು. ಅಂಚಿನ ಆ ಕಚ್ಚು ನೋಡಿ ಗುರುತು ಸಿಕ್ಕಿತು. ರಾತ್ರಿ ಮತ್ತೆ ದಾಟಲು ಹೊರಟಿದೆ, ಯಾವುದೋ ಗಾಡಿ ಮೇಲೆ ಹೋಗಿದೆ. ಪಕ್ಕದಲ್ಲಿ ಮೂರು ನಾಲ್ಕು ಬಿಳಿ ಮೊಟ್ಟೆಗಳು ಡಾಂಬರಿಗೆ ಅಂಟಿಕೊಂಡಿದ್ದವು. ಎಮ್ಮೆ ಹೊಡೆದುಕೊಂಡು ಬರುತ್ತಿದ್ದ ಹಿರಿಯರೊಬ್ಬರು ನಿಂತು ನೋಡಿದರು. ನಾನು ಹಿಂದಿನ ಸಂಜೆಯ ಕಥೆ ಹೇಳಿದೆ. "ತಮ್ಮಾ, ಅದು ತತ್ತಿ ಇಡ್ಲಾಕ ಹೊಂಟಿತ್ತು. ಯಾಕಡಿ ಮಾರಿ ಮಾಡಿರ್ತದೋ ಆಕಡೀಗೇ ಬಿಡಬೇಕು" ಅಂದರು. ಬೈಯಲಿಲ್ಲ. ಇಷ್ಟು ಹೇಳಿ ಎಮ್ಮೆ ಹಿಂದೆ ನಡೆದರು.

ಆವತ್ತಿನಿಂದ ಮಳೆಗಾಲದಲ್ಲಿ ಈ ಕೆಲಸ ಮಾಡುತ್ತಾ ಬಂದಿದ್ದೇನೆ. ತಪ್ಪು ಮಾಡಿ ಕಲಿತದ್ದು, ತಿಳಿದವರನ್ನು ಕೇಳಿ ಕಲಿತದ್ದು ಎಲ್ಲ ಇಲ್ಲಿ ಬರೆದಿದ್ದೇನೆ. ಕಲಬುರಗಿ, ಬೀದರ್, ಯಾದಗಿರಿ ರಸ್ತೆಗಳಲ್ಲಿ ಓಡಾಡುವವರಿಗೆ ಉಪಯೋಗ ಆಗಬಹುದು.

ಯಾಕೆ ರಸ್ತೆಗೆ ಬರುತ್ತವೆ, ಯಾವಾಗ ಬರುತ್ತವೆ

ಬೇಸಿಗೆಯಲ್ಲಿ ನಮ್ಮ ಕಡೆ ಸಣ್ಣ ಕೆರೆಗಳು ಒಣಗಿ, ಎರೆ ಮಣ್ಣು ಕೈ ತೂರುವಷ್ಟು ಬಿರುಕು ಬಿಡುತ್ತದೆ. ಆಗ ಕೆಲವು ಆಮೆಗಳು ಕೆಸರಿನೊಳಗೆ ಹೂತುಕೊಂಡು ತಿಂಗಳುಗಟ್ಟಲೆ ಅನ್ನ ನೀರಿಲ್ಲದೆ ಬಿದ್ದಿರುತ್ತವೆ. ಮೊದಲ ಜೋರು ಮಳೆಗೆ ನೆಲ ಮೆತ್ತಗಾಗುತ್ತದೆ, ಅವು ಎದ್ದು ಹೊರಡುತ್ತವೆ. ಹೊಸ ನೀರು ಹುಡುಕಲು, ಜೋಡಿ ಹುಡುಕಲು, ಮೇವು ಹುಡುಕಲು. ಹೆಣ್ಣು ಆಮೆ ಮೊಟ್ಟೆ ಇಡಲು ನೀರು ಬಿಟ್ಟು ದಿಬ್ಬಕ್ಕೆ ಬರಲೇಬೇಕು. ನೀರಲ್ಲಿ ಬದುಕುವ ಆಮೆಯೂ ಮೊಟ್ಟೆ ಇಡುವುದು ನೆಲದಲ್ಲೇ. ಕೆರೆಗೆ ಬೆನ್ನು ಹಾಕಿ ಹೋಗುವ ಆಮೆ ದಾರಿ ತಪ್ಪಿದ್ದಲ್ಲ ಅನ್ನುವುದು ನನಗೆ ಗೊತ್ತಿರಲಿಲ್ಲ. ಹೆಚ್ಚಿನವರಿಗೆ ಗೊತ್ತಿಲ್ಲ.

ಹಾಗಾಗಿ ಮಿರಗ, ಆರಿದ್ರ ಮಳೆಯ ದಿನಗಳಲ್ಲಿ, ಅಂದರೆ ಜೂನ್ ಎರಡನೇ ವಾರದಿಂದ ಜುಲೈವರೆಗೆ ಜಾಸ್ತಿ ಎಚ್ಚರ ಇರಲಿ. ಮತ್ತೆ ಸೆಪ್ಟೆಂಬರ್ ಹೊತ್ತಿಗೆ ಹಳ್ಳ ತುಂಬಿ ಹರಿಯುವಾಗಲೂ ಓಡಾಟ ಇರುತ್ತದೆ. ಮಳೆ ನಿಂತ ಸಂಜೆ, ಮಳೆ ಬಂದ ರಾತ್ರಿ, ಬೆಳಗಿನ ಜಾವ, ಇವು ಅವುಗಳ ಹೊತ್ತು. ಒಂದು ಬದಿ ನೀರು, ಇನ್ನೊಂದು ಬದಿ ಹೊಲ ಅಥವಾ ಕುರುಚಲು ಇರುವ ರಸ್ತೆ ಬಂದರೆ ವೇಗ ಇಳಿಸಿ. ಕಲಬುರಗಿ ಜಿಲ್ಲೆಯಲ್ಲಿ ಬೆಣ್ಣೆತೊರಾ, ಅಮರ್ಜಾ ಹಿನ್ನೀರಿನ ಸುತ್ತಲಿನ ರಸ್ತೆಗಳು, ಚಿಂಚೋಳಿ ಕಾಡಿನೊಳಗೆ ಚಂದ್ರಂಪಳ್ಳಿಗೆ ಹೋಗುವ ದಾರಿ. ಬೀದರ್ ಕಡೆ ಕಾರಂಜಾ ಹಿನ್ನೀರು, ಮಾಂಜ್ರಾ ದಂಡೆ. ಯಾದಗಿರಿಯಲ್ಲಿ ಬೋನಾಳ ಕೆರೆಯ ಸುತ್ತ, ಶಹಾಪುರ, ಸುರಪುರದ ಕಾಲುವೆ ಭತ್ತದ ಸೀಮೆ.

ಇನ್ನೊಂದು ಮಾತು. ಹೆದರಿದ ನಾಯಿ ಓಡುತ್ತದೆ, ಹೆದರಿದ ಆಮೆ ನಿಲ್ಲುತ್ತದೆ. 20 ಕೋಟಿ ವರ್ಷಕ್ಕೂ ಹಿಂದಿನಿಂದ ಆಮೆಗಳು ಈ ಭೂಮಿ ಮೇಲಿವೆ. ಚಿಪ್ಪಿನೊಳಗೆ ಸೇರಿಕೊಂಡರೆ ಬದುಕಬಹುದು ಅನ್ನುವುದು ಅವುಗಳ ದಾರಿ. ನರಿಯ ಮುಂದೆ ಅದು ಸರಿ. ಲಾರಿ ಮುಂದೆ ಅದೇ ಸಾವು. ಎರಡು ಲೇನಿನ ಡಾಂಬರು ಸುಮಾರು 7 ಮೀಟರ್ ಅಗಲ ಇರುತ್ತದೆ. ಸುಮ್ನೆ ನಡೆದರೆ ಆಮೆ ಅದನ್ನು ಬೇಗ ದಾಟೀತು. ಆದರೆ ಪ್ರತಿ ಗಾಡಿಗೂ ನಿಂತು, ತಲೆ ಎಳೆದುಕೊಂಡು, ಮತ್ತೆ ಮೆಲ್ಲಗೆ ಇಣುಕಿ ಹೊರಡುವಷ್ಟರಲ್ಲಿ ಮುಂದಿನ ಗಾಡಿ ಬಂದಿರುತ್ತದೆ.

ಒಂದು ಆಮೆ ಸತ್ತರೆ ಏನಾಯಿತು ಅಂತ ಕೇಳುವವರಿದ್ದಾರೆ. ಆಮೆ ದೊಡ್ಡದಾಗಿ ಮೊಟ್ಟೆ ಇಡುವ ವಯಸ್ಸಿಗೆ ಬರಲು ಹಲವು ವರ್ಷ ಬೇಕು. ಒಂದು ಸಲಕ್ಕೆ ಇಡುವುದು ಕೆಲವೇ ಮೊಟ್ಟೆ. ಅದರಲ್ಲೂ ಮುಂಗುಸಿ, ನಾಯಿ, ಉಡ ತಿಂದು ಉಳಿದದ್ದು ಎಷ್ಟೋ. ಒಂದು ಊರಿನ ಕೆರೆಯಲ್ಲಿ ಆಮೆ ಉಳಿಯುವುದು ವರ್ಷ ವರ್ಷ ಮೊಟ್ಟೆ ಇಡುವ ದೊಡ್ಡ ಹೆಣ್ಣುಗಳಿಂದ. ರಸ್ತೆಗೆ ಬರುವುದೂ ಅವೇ.

ಮೊದಲು ಗಾಡಿ, ಆಮೇಲೆ ಆಮೆ

ಆಮೆ ಕಂಡ ಕೂಡಲೇ ಬ್ರೇಕ್ ಒತ್ತಬೇಡಿ, ಸ್ಟೇರಿಂಗ್ ಎಳೆಯಬೇಡಿ. ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಹೋಗುವ ಗಾಡಿ ಒಂದು ಸೆಕೆಂಡಿಗೆ 16 ಮೀಟರಿಗಿಂತ ಜಾಸ್ತಿ ಮುಂದೆ ಹೋಗಿರುತ್ತದೆ. ನಿಮ್ಮ ಹಿಂದಿನ ಕ್ರೂಸರಿನವನಿಗೆ ನೀವು ಯಾಕೆ ನಿಂತಿರಿ ಅಂತ ತಿಳಿಯುವ ಮೊದಲೇ ಬಂದು ಗುದ್ದುತ್ತಾನೆ. ಮೊದಲು ಕನ್ನಡಿ ನೋಡಿ. ವೇಗ ಇಳಿಸಿ. ಆಮೆಯನ್ನು ದಾಟಿ ಮುಂದೆ ಹೋಗಿ, ಡಾಂಬರು ಬಿಟ್ಟು ಎಡಗಡೆ ಮಣ್ಣಿಗೆ ಇಳಿಸಿ ನಿಲ್ಲಿಸಿ. ಎರೆ ಮಣ್ಣಿನಲ್ಲಿ ಮಳೆ ಬಂದ ಮೇಲೆ ಚಕ್ರ ಹೂತು ಹೋಗುತ್ತದೆ, ಗೊತ್ತಲ್ಲ. ಮುರುಮು ಹಾಕಿದ ಕಡೆ, ಹೊಲದ ದಾರಿ ಸೇರುವ ಕಡೆ ನಿಲ್ಲಿಸುವುದು ಒಳ್ಳೆಯದು. ನಾಲ್ಕೂ ಇಂಡಿಕೇಟರ್ ಹಾಕಿ. ಮಕ್ಕಳು ಜೊತೆಗಿದ್ದರೆ ಅವರು ಗಾಡಿಯಿಂದ ಇಳಿಯುವುದು ಬೇಡ.

ತಿರುವಿನಲ್ಲಿ, ಸೇತುವೆ ಮೇಲೆ, ಏರು ಮುಗಿಯುವ ಜಾಗದಲ್ಲಿ ನಿಲ್ಲಿಸಲೇಬೇಡಿ. ಹುಮನಾಬಾದ್ ಕಡೆಯ 65ನೇ ಹೆದ್ದಾರಿ, ಬೀದರ್–ಕಲಬುರಗಿ–ಜೇವರ್ಗಿ 50ನೇ ಹೆದ್ದಾರಿ ಇಂಥ ಕಡೆ ಗಾಡಿಗಳ ಹರಿವು ನಿಲ್ಲುವುದೇ ಇಲ್ಲ ಅಂದರೆ ರಸ್ತೆಗೆ ಇಳಿಯಬೇಡಿ. ಮನಸ್ಸಿಗೆ ಕಷ್ಟ ಆಗುತ್ತದೆ, ನನಗೂ ಎರಡು ಸಲ ಆಗಿದೆ. ಆದರೂ ಮನೆಯಲ್ಲಿ ಕಾಯುವವರು ಇದ್ದಾರೆ. ಬದಿಯಲ್ಲೇ ನಿಂತು ಬರುವ ಗಾಡಿಗಳಿಗೆ ಕೈ ಬೀಸಿ, ಮೊಬೈಲ್ ಟಾರ್ಚ್ ಕೆಳಗೆ ಆಡಿಸಿ. ಎಷ್ಟೋ ಚಾಲಕರು ನಿಧಾನ ಮಾಡುತ್ತಾರೆ. ಹರಿವು ಖಾಲಿಯಾದಾಗ ಮಾತ್ರ ಹೋಗಿ.

ರಾತ್ರಿ ಆದರೆ ಬಿಳಿ ಅಂಗಿ, ಇಲ್ಲವೇ ಬಿಳಿ ಟವೆಲ್ ಹೆಗಲ ಮೇಲೆ ಇರಲಿ. ರಸ್ತೆ ಬದಿಯ ಹುಲ್ಲಿಗೆ ಕಾಲಿಡುವ ಮೊದಲು ಬೆಳಕು ಬಿಟ್ಟು ನೋಡಿ. ಮಳೆಗಾಲದಲ್ಲಿ ಕೊಳಕುಮಂಡಲ ಇರುವುದು ಅಂಥಲ್ಲೇ.

ಯಾವ ಆಮೆ ಅಂತ ನೋಡಿ

ಇದಕ್ಕೆ ಅರ್ಧ ನಿಮಿಷ ಸಾಕು. ಹಿಡಿಯುವ ರೀತಿ, ಬಿಡುವ ಜಾಗ ಎರಡೂ ಇದರ ಮೇಲೆ ನಿಂತಿದೆ.

ಭಾರತದ ಕೆರೆ, ಗದ್ದೆ, ಕಾಲುವೆಗಳಲ್ಲಿ ತುಂಬ ಕಡೆ ಕಾಣುವುದು ಇಂಗ್ಲಿಷಿನಲ್ಲಿ ಫ್ಲಾಪ್‌ಶೆಲ್ ಅನ್ನುವ ಆಮೆ. ಬೆನ್ನು ನುಣುಪು, ಒದ್ದೆ ಚರ್ಮದ ಹಾಗೆ. ಬಣ್ಣ ಹಸಿರು ಬೆರೆತ ಕಂದು. ಮೂಗು ಸಣ್ಣ ಕೊಳವೆಯಂತೆ ಮುಂದೆ ಚಾಚಿರುತ್ತದೆ. ಅದನ್ನು ಹತ್ತಿರದಿಂದ ನೋಡಬೇಕಾದದ್ದು ಹೊಟ್ಟೆ ಕಡೆಗೆ. ಹಿಂಗಾಲು ಒಳಗೆ ಎಳೆದುಕೊಂಡಾಗ ಎರಡು ಮಡಿಕೆ ಬಾಗಿಲಿನ ಹಾಗೆ ಮುಚ್ಚಿಕೊಳ್ಳುತ್ತವೆ. ಒಮ್ಮೆ ಕೈಯಲ್ಲಿ ಹಿಡಿದಿದ್ದಾಗ ಆ ಮಡಿಕೆ ಮೆಲ್ಲಗೆ ಸರಿದು, ಒಂದು ಕಾಲು ಹೊರಗೆ ಬಂದು, ನನ್ನ ಬೆರಳನ್ನು ಒದ್ದು, ಮತ್ತೆ ಒಳಗೆ ಹೋಗಿ ಬಾಗಿಲು ಹಾಕಿಕೊಂಡಿತು. ಕಾಲಿಗೆ ಮೂರೇ ಉಗುರು. ಕೆಸರಿನ ವಾಸನೆ. ಬಸವನಹುಳು, ಹುಳು, ಸಣ್ಣ ಮೀನು, ನೀರಿನ ಗಿಡ ಎಲ್ಲ ತಿನ್ನುತ್ತದೆ. ಕತ್ತು ಉದ್ದ, ಕಚ್ಚಬಲ್ಲದು.

ಎರಡನೆಯದು ಕರಿ ಆಮೆ. ಗಟ್ಟಿ ಚಿಪ್ಪು, ಕಪ್ಪು ಇಲ್ಲವೇ ಗಾಢ ಕಂದು. ಬೆನ್ನ ಮೇಲೆ ಉದ್ದಕ್ಕೆ ಮೂರು ಏಣು ಕಾಣುತ್ತವೆ. ನೀರಲ್ಲಿ ಇದ್ದರೂ ನೆಲದ ಮೇಲೆ ಚೆನ್ನಾಗಿ ನಡೆಯುತ್ತದೆ. ಸೌಮ್ಯ ಸ್ವಭಾವ.

ಮೂರನೆಯದು ನಕ್ಷತ್ರ ಆಮೆ. ಗುಮ್ಮಟದ ಹಾಗೆ ಎತ್ತರದ ಬೆನ್ನು, ಕಪ್ಪು ಮೇಲೆ ಹಳದಿ ಗೆರೆ ನಕ್ಷತ್ರದಂತೆ. ಇದು ಒಣ ಕುರುಚಲು ನೆಲದ ಪ್ರಾಣಿ. ಈಜಲು ಬರುವುದಿಲ್ಲ. ಇದನ್ನು ಕೆರೆಗೆ ಬಿಟ್ಟರೆ ಮುಳುಗಿ ಸಾಯುತ್ತದೆ. ಒಳ್ಳೆಯದು ಮಾಡಲು ಹೋಗಿ ಬಾವಿಗೆ ಬಿಟ್ಟವರ ಕಥೆ ಕೇಳಿದ್ದೇನೆ. ಆನೆಯ ಕಾಲಿನಂತೆ ದುಂಡಗಿನ ಕಾಲು, ಬೆರಳ ನಡುವೆ ಪೊರೆ ಇಲ್ಲ ಅಂದರೆ ನೆಲದ ಆಮೆ ಅಂತ ತಿಳಿಯಿರಿ.

ಕೃಷ್ಣಾ, ಭೀಮಾ ನದಿ ಹತ್ತಿರ ಆದರೆ ಇನ್ನೊಂದು ಇದೆ. ಚಪ್ಪಟೆಯಾದ, ದೊಡ್ಡ, ಮೆದು ಚಿಪ್ಪಿನ ನದಿ ಆಮೆ. ದಖ್ಖನ್ನಿನ ನದಿಗಳ ಈ ಆಮೆ ಈಗ ಅಳಿವಿನ ತೀರಾ ಅಂಚಿನಲ್ಲಿದೆ. ಕತ್ತು ಹಿಂದಕ್ಕೂ ತಿರುಗಿ ಪಕ್ಕದ ಕೈಗೆ ತಲುಪುತ್ತದೆ. ಜೋರಾಗಿ ಕಚ್ಚುತ್ತದೆ. ಇದು ಕಂಡರೆ ಎತ್ತಲು ಹೋಗದೆ ಅರಣ್ಯ ಇಲಾಖೆಗೆ ಫೋನ್ ಮಾಡಿ, ಅವರು ಬರುವವರೆಗೆ ಗಾಡಿ ತಡೆಯುವುದು ವಾಸಿ.

ಎತ್ತಿ ದಾಟಿಸುವುದು

ಅದು ತಾನೇ ನಡೆಯುತ್ತಿದ್ದು, ರಸ್ತೆ ಖಾಲಿ ಇದ್ದರೆ, ಮುಟ್ಟಬೇಡಿ. ದೂರ ನಿಂತು ಕಾಯಿರಿ. ನೀವು ಹತ್ತಿರ ಹೋದಷ್ಟೂ ಅದು ನಿಲ್ಲುತ್ತದೆ.

ಮುಟ್ಟಲೇಬೇಕಾದರೆ, ಮೊದಲು ಅದರ ತಲೆ ಎತ್ತ ಇದೆ ನೋಡಿ, ನೆನಪಿಟ್ಟುಕೊಳ್ಳಿ. ಎತ್ತಿದ ಮೇಲೆ ಗಡಿಬಿಡಿಯಲ್ಲಿ ದಿಕ್ಕು ಮರೆತು ಹೋಗುತ್ತದೆ. ನಾನು ಒಂದು ಮರವನ್ನೋ ಕಂಬವನ್ನೋ ಗುರುತು ಮಾಡಿಕೊಳ್ಳುತ್ತೇನೆ. ನಂತರ ಹಿಂದಿನಿಂದ ಬಂದು, ಬಗ್ಗಿ, ಎರಡೂ ಕೈಯಿಂದ ಹಿಡಿಯಿರಿ. ಗಟ್ಟಿ ಚಿಪ್ಪಿನ ಆಮೆಗೆ ಮುಂಗಾಲು ಹಿಂಗಾಲಿನ ನಡುವೆ, ಚಿಪ್ಪಿನ ಎರಡು ಪಕ್ಕ. ಪರಾತ ಹಿಡಿದ ಹಾಗೆ, ಹೆಬ್ಬೆರಳು ಮೇಲೆ, ಉಳಿದ ಬೆರಳು ಕೆಳಗೆ. ಫ್ಲಾಪ್‌ಶೆಲ್ ಆದರೆ ಇನ್ನೂ ಹಿಂದೆ, ಹಿಂಗಾಲಿನ ಮೇಲಿನ ಅಂಚಿನಲ್ಲಿ ಹಿಡಿಯಿರಿ, ಬಾಯಿಗೆ ಕೈ ಸಿಗಬಾರದು. ನೆಲದಿಂದ ಒಂದು ಗೇಣು ಎತ್ತಿದರೆ ಸಾಕು. ಅದು ಕಾಲು ಆಡಿಸುತ್ತದೆ, ಉಗುರು ಪರಚುತ್ತದೆ, ಬೆಚ್ಚಿ ಕೈ ಬಿಟ್ಟರೆ ಎತ್ತರದಿಂದ ಬಿದ್ದು ಚಿಪ್ಪು ಒಡೆಯುತ್ತದೆ. ಗೋಣಿಚೀಲವೋ ಹಳೇ ಟವೆಲೋ ಇದ್ದರೆ ಅದರಲ್ಲಿ ಹಿಡಿಯಿರಿ. ದೊಡ್ಡದಿದ್ದರೆ ಕಾರಿನ ಮ್ಯಾಟ್ ಮೇಲೆ ಹಿಂದಿನಿಂದ ಸರಿಸಿ, ಮ್ಯಾಟನ್ನೇ ಎಳೆದುಕೊಂಡು ಹೋಗಿ.

ಬಾಲ ಹಿಡಿದು ಎತ್ತಬೇಡಿ. ಒಂದು ಕಾಲು ಹಿಡಿದು ಎಳೆಯಬೇಡಿ. ಕಾಲಿನಿಂದ ತಳ್ಳಬೇಡಿ. ಚಿಪ್ಪು ಅಂದರೆ ಮೇಲೆ ಹೊದ್ದ ಡಬ್ಬಿ ಅಲ್ಲ. ಅದರ ಬೆನ್ನುಮೂಳೆ, ಪಕ್ಕೆಲುಬು ಸೇರಿಯೇ ಚಿಪ್ಪು ಆಗಿದೆ. ಮುಟ್ಟಿದರೆ ಅದಕ್ಕೆ ತಿಳಿಯುತ್ತದೆ, ಪೆಟ್ಟು ಬಿದ್ದರೆ ನೋವಾಗುತ್ತದೆ.

ಎತ್ತಿದಾಗ ಮೂತ್ರ ಮಾಡಿದರೆ ಗಾಬರಿಯಾಗಬೇಡಿ. ಆದರೆ ಒಣ ನೆಲದ ನಕ್ಷತ್ರ ಆಮೆಗೆ ಅದು ಕೂಡಿಟ್ಟ ನೀರು. ಹಾಗಾಗಿ ಎತ್ತಿ, ತಿರುಗಿಸಿ, ಫೋಟೋ ತೆಗೆಯುತ್ತಾ ನಿಲ್ಲುವುದು ಬೇಡ. ಬೇಗ ದಾಟಿಸಿ.

ಅದು ಹೊರಟ ದಿಕ್ಕಿನಲ್ಲೇ, ಡಾಂಬರಿನ ಅಂಚಿನಿಂದ ಹತ್ತು ಹದಿನೈದು ಹೆಜ್ಜೆ ಒಳಗೆ, ಗಿಡದ ನೆರಳಲ್ಲೋ ಹುಲ್ಲಲ್ಲೋ ಇಳಿಸಿ. ತಲೆ ರಸ್ತೆ ಕಡೆ ಅಲ್ಲ, ಮುಂದಿನ ಕಡೆ. ಅದು ತಲೆ ಹೊರಗೆ ಹಾಕಿ ಹೊರಡುವವರೆಗೆ ದೂರದಲ್ಲಿ ಎರಡು ನಿಮಿಷ ನಿಂತರೆ ಒಳ್ಳೆಯದು. ಬೆನ್ನು ಕೆಳಗಾಗಿ ಬಿದ್ದಿದ್ದರೆ ಪಕ್ಕದಿಂದ ಮೆಲ್ಲಗೆ ಹೊರಳಿಸಿ ಸರಿ ಮಾಡಿ.

ದಿಕ್ಕು ತಿಳಿಯದಿದ್ದರೆ? ಚಿಪ್ಪಿನೊಳಗೆ ಮುಚ್ಚಿಕೊಂಡು ರಸ್ತೆ ನಡುವೆ ಕೂತಿದ್ದರೂ ಮುಂಭಾಗ ಯಾವುದು ಅಂತ ತಿಳಿಯುತ್ತದೆ. ಗಾಡಿಯ ಗಾಳಿಗೆ ತಿರುಗಿ ಬಿದ್ದಿದೆ ಅನ್ನಿಸಿದರೆ ಬದಿಯ ಒದ್ದೆ ಮಣ್ಣಿನಲ್ಲಿ ಹೆಜ್ಜೆ ಗುರುತು ಹುಡುಕಿ. ಎರಡು ಸಾಲು ಸಣ್ಣ ಗುಂಡಿ ಕಾಣುತ್ತವೆ. ಎರೆ ಮಣ್ಣಿನಲ್ಲಿ ಇದು ಬಲು ಸ್ಪಷ್ಟ.

ಡಿವೈಡರ್, ಗಟಾರ, ಕಾಲುವೆ

ನಾಲ್ಕು ಲೇನಿನ ರಸ್ತೆಯಲ್ಲಿ ಅರ್ಧ ದಾಟಿಸಿ ಡಿವೈಡರ್ ಹತ್ತಿರ ಬಿಟ್ಟು ಹೋಗಬೇಡಿ. ಆಮೆಗೆ ಆ ಸಿಮೆಂಟ್ ಹತ್ತಲು ಆಗುವುದಿಲ್ಲ. ಅದರ ಬುಡದಲ್ಲೇ ಉದ್ದಕ್ಕೆ ನಡೆದು ನಡೆದು ಸಾಯುತ್ತದೆ. ಎರಡೂ ಕಡೆ ಖಾಲಿ ಆಗುವವರೆಗೆ ಕಾದು, ಪೂರ್ತಿ ಆಚೆ ಒಯ್ಯಿರಿ.

ಊರ ಒಳಗೆ ಬರುವ ಕಡೆ ಸಿಮೆಂಟ್ ಗಟಾರ ಇರುತ್ತದೆ. ರಸ್ತೆ ದಾಟಿ, ಗಟಾರಕ್ಕೆ ಬಿದ್ದು, ಮೇಲೆ ಬರಲಾಗದೆ ಉಳಿಯುವುದುಂಟು. ಬಿಡುವ ಮೊದಲು ಮುಂದೆ ಗಟಾರ ಇದೆಯಾ ನೋಡಿ, ಇದ್ದರೆ ಅದನ್ನೂ ದಾಟಿಸಿ.

ಯಾದಗಿರಿ ಜಿಲ್ಲೆಯವರಿಗೆ ಇದು ಇನ್ನೂ ಮುಖ್ಯ. ನಾರಾಯಣಪುರ ಜಲಾಶಯದ ಎಡದಂಡೆ ಕಾಲುವೆ, ಅದರ ಕವಲುಗಳು ಹೊಲ ಗದ್ದೆಗಳ ನಡುವೆ ಹರಿದಿವೆ. ಸಿಮೆಂಟ್ ಹಾಕಿದ ಕಾಲುವೆಯ ಇಳಿಜಾರು ನುಣುಪು. ನೀರು ತುಂಬಿದ್ದಾಗ ಸೆಳೆತ ಜೋರು, ನೀರು ನಿಲ್ಲಿಸಿದಾಗ ತಳದ ಕೊಚ್ಚೆಯಲ್ಲಿ ಆಮೆ ಸಿಕ್ಕಿಕೊಳ್ಳುತ್ತದೆ. ಆಮೆ ಕಾಲುವೆ ಕಡೆಗೇ ಹೊರಟಿದ್ದರೂ ಸಿಮೆಂಟಿನ ಅಂಚಿನ ಮೇಲೆ ಬಿಡಬೇಡಿ. ಅದೇ ಬದಿಯಲ್ಲಿ ಗದ್ದೆಯ ಬದುವೋ, ಮಣ್ಣಿನ ಸಣ್ಣ ಹೊಲಗಾಲುವೆಯೋ ಇದ್ದರೆ ಅಲ್ಲಿ ಬಿಡಿ. ತಳದಲ್ಲಿ ಸಿಕ್ಕಿಕೊಂಡ ಆಮೆ ಕಂಡರೆ ನೀವು ಇಳಿಯಬೇಡಿ. ಹಗ್ಗಕ್ಕೆ ಬುಟ್ಟಿ ಕಟ್ಟಿ ಇಬ್ಬರು ಮೂವರು ಸೇರಿ ತೆಗೆಯಬಹುದು. ನೀರು ಹರಿಯುತ್ತಿದ್ದರೆ ಅದೂ ಬೇಡ, ಇಲಾಖೆಯವರನ್ನು ಕರೆಯಿರಿ.

ಮನೆಗೆ ಬೇಡ, ಬೇರೆ ಕೆರೆಗೂ ಬೇಡ

ಆಮೆಗೆ ತನ್ನ ಸೀಮೆ ಗೊತ್ತು. ಎಲ್ಲಿ ನೀರು, ಎಲ್ಲಿ ಮೊಟ್ಟೆ ಇಡುವ ದಿಬ್ಬ, ಬೇಸಿಗೆಯಲ್ಲಿ ಎಲ್ಲಿ ಹೂತುಕೊಳ್ಳಬೇಕು ಅಂತ ಅದಕ್ಕೆ ತಿಳಿದಿರುತ್ತದೆ. ಇಲ್ಲಿ ಅಪಾಯ ಅಂತ ಕಲಬುರಗಿಯ ಅಪ್ಪನ ಕೆರೆಗೋ ಬೀದರಿನ ಪಾಪನಾಶ ಕೆರೆಗೋ ಒಯ್ದು ಬಿಟ್ಟರೆ ಅದು ಹಳೇ ಜಾಗ ಹುಡುಕುತ್ತಾ ಇನ್ನಷ್ಟು ರಸ್ತೆ ದಾಟುತ್ತದೆ. ರೋಗ ಇದ್ದರೆ ಅಲ್ಲಿಯ ಆಮೆಗಳಿಗೂ ಹರಡುತ್ತದೆ.

ಮನೆಯಲ್ಲಿ ಆಮೆ ಇಟ್ಟರೆ ದುಡ್ಡು ಬರುತ್ತದೆ ಅನ್ನುವವರು ನಮ್ಮ ಕಡೆ ಇದ್ದಾರೆ. ಇಪ್ಪತ್ತು ಉಗುರಿನ ಆಮೆ ಸಿಕ್ಕರೆ ಲಕ್ಷ ಲಕ್ಷ ಅನ್ನುವ ಮಾತು ಇನ್ನೂ ಓಡಾಡುತ್ತಿದೆ. ಅದು ಕಳ್ಳಸಾಗಣೆಯವರು ಹಬ್ಬಿಸಿದ ಮಾತು. ಆ ಮಾತಿನಿಂದ ಸಾವಿರಾರು ಜೀವ ಗೋಣಿಚೀಲದಲ್ಲಿ ಉಸಿರುಕಟ್ಟಿ ಸತ್ತಿವೆ. ನಮ್ಮ ಎಷ್ಟೋ ಗುಡಿಗಳಲ್ಲಿ ಗರ್ಭಗುಡಿ ಎದುರು ನೆಲದಲ್ಲಿ ಕಲ್ಲಿನ ಆಮೆ ಇದೆ. ಅದಕ್ಕೆ ಕಾಲು ತಾಗಬಾರದು ಅಂತ ಪಕ್ಕಕ್ಕೆ ಸರಿದು ನಡೆಯುತ್ತೇವೆ. ಜೀವಂತ ಆಮೆಗೂ ಅಷ್ಟೇ ಮರ್ಯಾದೆ ಬೇಕು ಅನ್ನುವುದು ನನ್ನ ಮನವಿ.

ಕಾನೂನೂ ಗಟ್ಟಿ ಇದೆ. ಫ್ಲಾಪ್‌ಶೆಲ್, ನಕ್ಷತ್ರ ಆಮೆ ಎರಡೂ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲನೇ ಪಟ್ಟಿಯಲ್ಲಿವೆ, ಅಂದರೆ ಹುಲಿ ಇರುವ ಪಟ್ಟಿ. ಹಿಡಿದರೆ, ಸಾಕಿದರೆ, ಮಾರಿದರೆ 3 ವರ್ಷಕ್ಕೆ ಕಡಿಮೆ ಇಲ್ಲದ, 7 ವರ್ಷದವರೆಗಿನ ಜೈಲು. 2022ರ ತಿದ್ದುಪಡಿ ನಂತರ ದಂಡ 25,000 ರೂಪಾಯಿಗೆ ಕಡಿಮೆ ಇಲ್ಲ. ನಕ್ಷತ್ರ ಆಮೆಯ ಅಂತರರಾಷ್ಟ್ರೀಯ ವ್ಯಾಪಾರ 2019ರಿಂದ ಪೂರ್ತಿ ನಿಷೇಧ.

ಕಣ್ಣಿನ ಹಿಂದೆ ಕೆಂಪು ಪಟ್ಟಿ ಇರುವ ಸಣ್ಣ ಹಸಿರು ಆಮೆ ಸಿಕ್ಕರೆ ಅದು ಅಂಗಡಿಯಿಂದ ತಂದು ಯಾರೋ ಬಿಟ್ಟ ಅಮೆರಿಕದ ಆಮೆ. ಅದನ್ನು ಕೆರೆಗೆ ಬಿಡಬೇಡಿ, ನಮ್ಮ ಆಮೆಗಳ ಮೇವು, ಜಾಗ ಕಿತ್ತುಕೊಳ್ಳುತ್ತದೆ. ಅರಣ್ಯ ಇಲಾಖೆಗೆ ತಿಳಿಸಿ.

ಗಾಯ ಆಗಿದ್ದರೆ

ಚಿಪ್ಪು ಒಡೆದಿದೆ ಅಂದ ಕೂಡಲೇ ಸತ್ತೇ ಹೋಯಿತು ಅಂದುಕೊಳ್ಳಬೇಡಿ. ಆಮೆ ಬಲು ಗಟ್ಟಿ ಜೀವ. ಸತ್ತಂತೆ ಬಿದ್ದಿದ್ದು ಗಂಟೆಗಳ ನಂತರ ಕಾಲು ಆಡಿಸಿದ್ದನ್ನು ನೋಡಿದ್ದೇನೆ. ಬಾಲದ ಹತ್ತಿರ, ಹಿಂಗಾಲಿನ ಹತ್ತಿರ ಕಡ್ಡಿಯಿಂದ ಮೆಲ್ಲಗೆ ಮುಟ್ಟಿ. ಸ್ವಲ್ಪ ಎಳೆದುಕೊಂಡರೂ ಜೀವ ಇದೆ.

ಜಾಗದ ಗುರುತು ಮೊದಲು ಬರೆದುಕೊಳ್ಳಿ. ಕಿಲೋಮೀಟರ್ ಕಲ್ಲು, ಊರಿನ ಹೆಸರು, ಯಾವ ಬದಿಗೆ ಹೊರಟಿತ್ತು, ಮೊಬೈಲಿನಲ್ಲಿ ಲೊಕೇಶನ್. ವಾಸಿಯಾದ ಮೇಲೆ ಅದನ್ನು ಅಲ್ಲಿಗೇ ಬಿಡಬೇಕು, ಅದಕ್ಕೆ ಇದು ಬೇಕು. ಆಮೇಲೆ 1926ಕ್ಕೆ ಫೋನ್ ಮಾಡಿ. ಇದು ಕರ್ನಾಟಕ ಅರಣ್ಯ ಇಲಾಖೆಯ ಸಹಾಯವಾಣಿ. ಸಿಗದಿದ್ದರೆ 112. ದಾಟಿಸಿ ಬಿಡುವುದು ಬೇರೆ, ಗಾಡಿಯಲ್ಲಿ ಹಾಕಿಕೊಂಡು ಹೋಗುವುದು ಬೇರೆ. ಒಯ್ಯುವ ಮೊದಲು ಇಲಾಖೆಯವರಿಗೆ ಹೇಳಿದ್ದರೆ ದಾರಿಯಲ್ಲಿ ಯಾರು ಕೇಳಿದರೂ ತೊಂದರೆ ಇಲ್ಲ.

ರಟ್ಟಿನ ಡಬ್ಬಿಗೆ ನಾಲ್ಕೈದು ತೂತು ಮಾಡಿ. ಒಳಗೆ ಒಣ ಹತ್ತಿ ಬಟ್ಟೆ ಹಾಸಿ. ಆಮೆಯನ್ನು ನೇರವಾಗಿ ಇಟ್ಟು ಮುಚ್ಚಿ. ಕತ್ತಲೆ, ಶಾಂತಿ ಇದ್ದರೆ ಅದಕ್ಕೆ ಹೆದರಿಕೆ ಕಡಿಮೆ. ಬಿಸಿಲಿಗೆ ನಿಂತ ಕಾರಿನಲ್ಲಿ ಬಿಡಬೇಡಿ. ರಕ್ತ ಸುರಿಯುತ್ತಿದ್ದರೆ ಸ್ವಚ್ಛ ಬಟ್ಟೆ ಒತ್ತಿ ಹಿಡಿಯಿರಿ, ಅಷ್ಟೇ.

ನೀರಿನ ಬಕೆಟ್ಟಿಗೆ ಹಾಕಬೇಡಿ. ಇದನ್ನು ಎಷ್ಟು ಸಲ ಹೇಳಿದರೂ ಕಡಿಮೆ. ಗಾಯವಾದ ಆಮೆಗೆ ತಲೆ ಎತ್ತಿ ಉಸಿರಾಡಲು ಆಗದೆ ಮುಳುಗಿ ಸಾಯುತ್ತದೆ. ಒಡೆದ ಚಿಪ್ಪಿನ ಮೂಲಕ ನೀರು ಒಳಗೂ ಹೋಗುತ್ತದೆ. ಅರಿಶಿನ, ಸುಣ್ಣ, ಗೋಂದು ಯಾವುದೂ ಬೇಡ. ಬಿರುಕನ್ನು ಅಂಟಿಸಿ ಮುಚ್ಚಿದರೆ ಒಳಗಿನ ಹೊಲಸು ಅಲ್ಲೇ ಉಳಿದು ಕೊಳೆಯುತ್ತದೆ. ಹಾಲು, ಅನ್ನ, ಏನನ್ನೂ ಬಾಯಿಗೆ ಇಡಬೇಡಿ.

ಚಿಕಿತ್ಸೆಗೆ ಪಶು ಆಸ್ಪತ್ರೆಗೆ ಒಯ್ಯಲು ಇಲಾಖೆಯವರು ಹೇಳಬಹುದು. ಬೀದರಿನ ನಂದಿನಗರದಲ್ಲಿ ಪಶು ವೈದ್ಯಕೀಯ ವಿಶ್ವವಿದ್ಯಾಲಯವೇ ಇದೆ, ಅಲ್ಲಿ ಪಶು ವೈದ್ಯಕೀಯ ಕಾಲೇಜೂ ಇದೆ. ಹೊರಡುವ ಮೊದಲು ಫೋನ್ ಮಾಡಿ, ಆಮೆ ನೋಡುವವರು ಇದ್ದಾರಾ ಕೇಳಿಕೊಳ್ಳಿ.

ಸತ್ತೇ ಹೋಗಿದ್ದರೆ ಅದನ್ನು ರಸ್ತೆಯಿಂದ ಆಚೆ ಹಾಕಿ. ತಿನ್ನಲು ಬರುವ ನಾಯಿ, ಹದ್ದು, ಕಾಗೆಗಳೂ ಅದೇ ಚಕ್ರಕ್ಕೆ ಸಿಗುತ್ತವೆ. ಹೆಣ್ಣಾಗಿದ್ದು ಮೊಟ್ಟೆ ಒಡೆಯದೆ ಉಳಿದಿದ್ದರೆ ತಡ ಮಾಡದೆ 1926ಕ್ಕೆ ಹೇಳಿ. ಕೆಲವೊಮ್ಮೆ ಅಂಥ ಮೊಟ್ಟೆಯಿಂದಲೂ ಮರಿ ಬರುತ್ತದೆ.

ಮೊಟ್ಟೆ ಇಡುತ್ತಿದ್ದರೆ

ರಸ್ತೆ ಬದಿಯ ಮೆತ್ತನೆ ಮಣ್ಣಿನಲ್ಲಿ ಹಿಂಗಾಲಿನಿಂದ ಗುಂಡಿ ತೋಡುತ್ತಿರುವ ಆಮೆ ಕಂಡರೆ ಹತ್ತಿರ ಹೋಗಬೇಡಿ, ಬೆಳಕು ಬಿಡಬೇಡಿ. ಹೆದರಿದರೆ ಅರ್ಧಕ್ಕೆ ಬಿಟ್ಟು ಹೋಗುತ್ತದೆ. ಮುಗಿಸಿ ಮಣ್ಣು ಮುಚ್ಚಿ ಹೊರಟ ಮೇಲೆ ರಸ್ತೆ ಕಡೆ ಬಂದರೆ ಮಾತ್ರ ದಾಟಿಸಿ. ಹೊಲ ಹೊಡೆಯುವಾಗ ಮೊಟ್ಟೆ ಸಿಕ್ಕರೆ ಹೊರಳಿಸಬೇಡಿ. ಒಳಗಿನ ಮರಿ ಮೊಟ್ಟೆಯ ಒಂದು ಬದಿಗೆ ಅಂಟಿಕೊಂಡಿರುತ್ತದೆ, ತಿರುಗಿಸಿದರೆ ಸಾಯುತ್ತದೆ. ಮೇಲಿದ್ದದ್ದು ಮೇಲೇ ಇರುವಂತೆ ಅದೇ ಮಣ್ಣು ಮುಚ್ಚಿ, ಒಂದು ಕಡ್ಡಿ ನೆಟ್ಟು, ಆ ನಾಲ್ಕು ಅಡಿ ಬಿಟ್ಟು ಉಳುಮೆ ಮಾಡಿ.

ಜನ ಸೇರಿದಾಗ

ನೀವು ರಸ್ತೆ ಬದಿಯಲ್ಲಿ ಬಗ್ಗಿ ನಿಂತರೆ ಸಾಕು, ಟಂಟಂ ನಿಲ್ಲುತ್ತದೆ, ಬೈಕ್ ನಿಲ್ಲುತ್ತದೆ. "ಏನಾತ್ರಿ ಅಣ್ಣಾ, ಗಾಡಿ ಕೆಟ್ಟದೇನ್ರಿ?" ಅಂತ ಕೇಳುತ್ತಾರೆ. ಒಳ್ಳೆಯ ಜನ. "ಆಮಿ ಅದರಿ, ದಾಟಸ್ಲಾಕತ್ತೀನಿ" ಅಂದರೆ ಕೈ ಜೋಡಿಸುತ್ತಾರೆ. ದಖನಿ ಮಾತಾಡುವವರಿಗೆ ಕಛುವಾ, ಬೀದರ್, ಆಳಂದ ಕಡೆಯ ಮರಾಠಿ ಮನೆಯವರಿಗೆ ಕಾಸವ, ಸೇಡಂ, ಗುರುಮಠಕಲ್ ಕಡೆ ತೆಲುಗಿನವರಿಗೆ ತಾಬೇಲು. ಒಂದು ಶಬ್ದ ಅವರ ಮಾತಲ್ಲಿ ಹೇಳಿದರೆ ಕೆಲಸ ಹಗುರ.

ಒಬ್ಬರಾದರೂ "ಕೊಡ್ರಿ, ಮನೀಗೆ ಒಯ್ತೀನಿ" ಅನ್ನುತ್ತಾರೆ. ಜಗಳ ಬೇಡ. ಇದಕ್ಕೆ ಜೈಲು ಇದೆ, ಇಲಾಖೆಯವರಿಗೆ ಆಗಲೇ ಫೋನ್ ಮಾಡಿದ್ದೇನೆ ಅಂತ ಸಮಾಧಾನವಾಗಿ ಹೇಳಿ. ಅವರು ಹೋಗುವವರೆಗೆ ಅಲ್ಲಿಂದ ಕದಲಬೇಡಿ. ಫೋಟೋ ವಾಟ್ಸಾಪಿಗೆ ಹಾಕುವಾಗ ಜಾಗದ ಹೆಸರು, ಲೊಕೇಶನ್ ಹಾಕಬೇಡಿ, ಅದರಲ್ಲೂ ನಕ್ಷತ್ರ ಆಮೆಯದ್ದು. ಹಿಡಿಯುವವರೂ ಆ ಗುಂಪುಗಳಲ್ಲಿ ಇರುತ್ತಾರೆ.

ಎಲ್ಲ ಮುಗಿದ ಮೇಲೆ ಸೋಪು ಹಚ್ಚಿ ಕೈ ತೊಳೆಯಿರಿ. ಆಮೆಯ ಮೈಮೇಲೆ ವಾಂತಿ ಭೇದಿ ತರುವ ಸಾಲ್ಮೊನೆಲ್ಲಾ ಇರಬಹುದು. ತೊಳೆಯುವವರೆಗೆ ಊಟ, ಎಲೆ ಅಡಿಕೆ ಬೇಡ. ನನ್ನ ಬೈಕಿನ ಡಿಕ್ಕಿಯಲ್ಲಿ ಜೂನ್ ಬಂದರೆ ಒಂದು ಗೋಣಿಚೀಲ, ಮಡಚಿದ ರಟ್ಟಿನ ಡಬ್ಬಿ, ಟಾರ್ಚ್, ನೀರಿನ ಬಾಟಲಿ, ಸೋಪಿನ ತುಂಡು ಇರುತ್ತವೆ.

ಮಳೆಗೆ ಮೊದಲು ಮಾಡುವ ಕೆಲಸ

ಕೈಯಿಂದ ಎತ್ತಿ ದಾಟಿಸುವುದು ನಮಗೆ ಕಂಡದ್ದಕ್ಕೆ ಮಾತ್ರ. ಕಾಣದೆ ದಾಟುವವು ಎಷ್ಟೋ. ಅವುಗಳಿಗೆ ಇರುವ ದಾರಿ ರಸ್ತೆ ಕೆಳಗಿನ ಮೋರಿ. ಒಳಗೆ ಬೆಳಕು ಕಾಣುವಂತೆ ಖಾಲಿ ಇದ್ದರೆ ಆಮೆ, ಉಡ, ಮುಂಗುಸಿ ಎಲ್ಲ ಅದರಲ್ಲೇ ಹೋಗುತ್ತವೆ. ಆದರೆ ನಮ್ಮ ಮೋರಿಗಳ ಬಾಯಲ್ಲಿ ಹೂಳು, ಪ್ಲಾಸ್ಟಿಕ್ಕು, ತೊಗರಿ ಕಟ್ಟಿಗೆ ತುಂಬಿರುತ್ತವೆ. ಮೇ ತಿಂಗಳಲ್ಲಿ, ರೋಹಿಣಿ ಮಳೆಗೆ ಮೊದಲು, ನಿಮ್ಮ ಊರಿನ ಕೆರೆ ಹತ್ತಿರದ ಮೋರಿಗಳನ್ನು ಒಮ್ಮೆ ಬಗ್ಗಿ ನೋಡಿ. ಆಚೆ ಬದಿಯ ಬೆಳಕು ಕಾಣದಿದ್ದರೆ ಗ್ರಾಮ ಪಂಚಾಯಿತಿಗೆ, ದೊಡ್ಡ ರಸ್ತೆ ಆದರೆ ಲೋಕೋಪಯೋಗಿ ಇಲಾಖೆಗೆ ಫೋಟೋ ಸಮೇತ ಅರ್ಜಿ ಕೊಡಿ. ಮಳೆ ನೀರು ರಸ್ತೆ ಮೇಲೆ ನಿಲ್ಲುತ್ತದೆ ಅಂತ ಬರೆಯಿರಿ, ಅದೂ ನಿಜವೇ. ಅರ್ಜಿ ಬೇಗ ಓಡುತ್ತದೆ. ಮೋರಿಯಿಂದ ಹೊರಗೆ ಬಂದ ಕೂಡಲೇ ಎರಡಡಿ ಆಳದ ಗುಂಡಿ ಬಿದ್ದಿದ್ದರೆ ನಾಲ್ಕು ಕಲ್ಲು, ಒಂದಿಷ್ಟು ಮಣ್ಣು ಹಾಕಿ ಇಳಿಜಾರು ಮಾಡಿ. ಹತ್ತಿಕುಣಿ ರಸ್ತೆಯ ಆ ಜಾಗದಲ್ಲಿ ನಾವು ನಾಲ್ಕು ಜನ ಹೋದ ಮೇ ತಿಂಗಳಲ್ಲಿ ಅರ್ಧ ದಿನ ಸಲಿಕೆ ಹಿಡಿದು ಇದನ್ನೇ ಮಾಡಿದೆವು. ಆರಿದ್ರ ಮಳೆ ಆದ ಮೇಲೆ ಹೋಗಿ ನೋಡಿದಾಗ ಮೋರಿ ಒಳಗಿನ ಒದ್ದೆ ಮಣ್ಣಿನಲ್ಲಿ ಎರಡು ಸಾಲು ಸಣ್ಣ ಗುಂಡಿಗಳಿದ್ದವು, ಕೆರೆ ಕಡೆಯಿಂದ ದಿಬ್ಬದ ಕಡೆಗೆ.